ಮೂತಿಯ ತನಕ ಮರ ಉಟ್ಟ ರೈಫಲ್

ಆರ್ಮರರ್ ಅಂದರೆ ಏನು ಕೆಲಸ ಎಂದು ಯಾರಾದರೂ ಕೇಳಿದರೆ ನನ್ನ ಹೆಂಡತಿ ಜಯಮ್ಮ "ಬಂದೂಕಿಗೆ ಎಣ್ಣೆ ಹಚ್ಚೋದು" ಎನ್ನುತ್ತಾಳೆ. ಮೂವತ್ತನಾಲ್ಕು ವರ್ಷ ನಾನು ಮಾಡಿದ್ದನ್ನು ಅವಳು ಮೂರು ಪದದಲ್ಲಿ ಮುಗಿಸಿಬಿಡುತ್ತಾಳೆ. ಮೊದಮೊದಲು ಕೋಪ ಬರುತ್ತಿತ್ತು. ಈಗ ನಿವೃತ್ತನಾಗಿ ಮನೆಯಲ್ಲಿ ಕೂತು ಹೊಲಿಗೆ ಮಿಷನ್ನಿಗೂ ಗೇಟಿನ ಚಿಲಕಕ್ಕೂ ಎಣ್ಣೆ ಹಚ್ಚುತ್ತಿರುವಾಗ, ಅವಳು ಹೇಳಿದ್ದರಲ್ಲಿ ದೊಡ್ಡ ತಪ್ಪೇನಿಲ್ಲ ಅನ್ನಿಸುತ್ತದೆ.

ಪೊಲೀಸ್ ಶಸ್ತ್ರಾಗಾರಕ್ಕೆ ಹೊಸದಾಗಿ ಸೇರಿದವರು ಆಗಾಗ ನನಗೆ ಫೋನ್ ಮಾಡುತ್ತಾರೆ. ಪುಸ್ತಕದಲ್ಲಿ ಇಲ್ಲದ್ದೇನಾದರೂ ಹೇಳಿ ಸಾರ್ ಎನ್ನುತ್ತಾರೆ. ಅವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ನನಗೆ ಯಾವ ವರ್ಷ ಯಾವ ಬಡ್ತಿ ಬಂತು ಎಂಬುದು ನನಗೇ ನೆಟ್ಟಗೆ ನೆನಪಿಲ್ಲ, ನಿಮಗಂತೂ ಬೇಡವೇ ಬೇಡ. ನಾನು ಹೇಳಬೇಕೆಂದಿರುವುದು ನಾನು ಮುಗ್ಗರಿಸಿದ ಒಂದು ಕೇಸು. ಸೇವೆಯ ಕೊನೆಯ ವರ್ಷ, ಕಣ್ಣುಮುಚ್ಚಿಕೊಂಡು ರೈಫಲ್ ಪರೀಕ್ಷೆ ಮಾಡಬಲ್ಲೆ ಎಂದು ಜಂಬ ಕೊಚ್ಚುತ್ತಿದ್ದ ಕಾಲ. ಒಂದು ರೈಫಲ್ಲನ್ನು ನಿಜಕ್ಕೂ ಹಾಗೇ ಪರೀಕ್ಷೆ ಮಾಡಿ ಒಬ್ಬ ಮನುಷ್ಯನ ಅನ್ನಕ್ಕೆ ಕಲ್ಲು ಹಾಕುವುದರಲ್ಲಿದ್ದೆ. ಅದು ಹೇಗೆಂದು ತಿಳಿಯಬೇಕಾದರೆ ಮೊದಲು ಕೆಲಸ ಹೇಗಿತ್ತೆಂದು ಒಂದಿಷ್ಟು ಹೇಳಬೇಕು.

ರಾಮನಗರದಲ್ಲಿ ರೇಷ್ಮೆಗೂಡಿನ ಮಾರುಕಟ್ಟೆಗೆ ಜನ ಗೂಡು ಹೊತ್ತು ಬರುವ ಹಾಗೆ, ಚುನಾವಣೆ ಬಂತೆಂದರೆ ನಮ್ಮ ಬಾಗಿಲಿಗೆ ಕೋವಿ ಹೊತ್ತು ಬರುತ್ತಿದ್ದರು. ಲೈಸೆನ್ಸ್ ಇರುವವರೆಲ್ಲ ಆಯುಧವನ್ನು ಠೇವಣಿ ಇಡಬೇಕೆಂಬುದು ನಿಯಮ. ಕನಕಪುರದ ಆಚೆ ಕೋಡಿಹಳ್ಳಿ ಕಡೆಯ ರೈತರು ಆನೆ, ಹಂದಿ ಬೆದರಿಸಲು ಇಟ್ಟುಕೊಂಡ ನಾಡಕೋವಿಗಳನ್ನು ಗೋಣಿಯಲ್ಲಿ ಸುತ್ತಿ ಬೈಕಿಗೆ ಕಟ್ಟಿಕೊಂಡು ಬರುತ್ತಿದ್ದರು. ಒಂದು ಸಲ ಒಬ್ಬ ಯಜಮಾನರ ಕೋವಿಯ ನಳಿಗೆಯಲ್ಲಿ ಎಷ್ಟು ಇಣುಕಿದರೂ ಬೆಳಕೇ ಕಾಣಲಿಲ್ಲ. ಕಡ್ಡಿ ಹಾಕಿ ನೂಕಿದೆ. ಒಂದು ಹಿಡಿ ಮಣ್ಣಿನ ಗೂಡು ಬಿತ್ತು, ಅದರ ಹಿಂದೆಯೇ ಒಂದು ಕಣಜ ಹಾರಿ ಬಂದು ನನ್ನ ಮೂಗಿನ ತುದಿಗೇ ಕುಟುಕಿತು. ಯಜಮಾನರಿಗೆ ನಾಚಿಕೆಯೂ ಇಲ್ಲ, ಗಾಬರಿಯೂ ಇಲ್ಲ. ಆರು ವರ್ಷದಿಂದ ಗುಂಡನ್ನೇ ಹಾರಿಸಿಲ್ಲವೆಂದೂ, ತಮ್ಮ ಕೋವಿಯನ್ನು ತೋರಿಸಿದರೇ ಆನೆ ಹಿಂತಿರುಗುತ್ತದೆಂದೂ ವಿವರಿಸಿದರು. ನನ್ನ ಮೂಗು ಎರಡು ದಿನ ಬದನೆಕಾಯಿಯಾಗಿತ್ತು.

ನನಗೆ ಕೆಲಸ ಕಲಿಸಿದವರು ಹಿರಿಯ ಆರ್ಮರರ್ ಮುನಿಸ್ವಾಮಪ್ಪ. ಈಗಿನವರು ನಳಿಗೆಯೊಳಗೆ ತೆಳ್ಳನೆಯ ಕ್ಯಾಮೆರಾ ಇಳಿಬಿಟ್ಟು ಫೋನಿನಲ್ಲಿ ನೋಡುತ್ತಾರೆ, ಒಳಗಿನ ಒಂದೊಂದು ತುಕ್ಕಿನ ಚುಕ್ಕೆಯೂ ಚಂದ್ರನ ಮೇಲಿನ ಗುಂಡಿಯ ಹಾಗೆ ಕಾಣುತ್ತದೆ. ಮುನಿಸ್ವಾಮಪ್ಪ ಅದೇನೂ ಇಲ್ಲದೆ, ಬೋಲ್ಟ್, ಅಂದರೆ ಗುಂಡಿನ ಹಿಂದೆ ಮುಚ್ಚುವ ಉಕ್ಕಿನ ಅಗುಳಿ, ತೆಗೆದು ಹಿಂದಿನ ತೂತಿನ ಹತ್ತಿರ ಹೆಬ್ಬೆರಳಿನ ಉಗುರು ಹಿಡಿದು, ಉಗುರಿನ ಬೆಳಕಿನಲ್ಲಿ ನಳಿಗೆ ನೋಡುತ್ತಿದ್ದರು. ಅದಕ್ಕಾಗಿ ಉಗುರನ್ನು ಮದುವಣಗಿತ್ತಿಯ ಹಾಗೆ ತಿಕ್ಕಿ ಇಟ್ಟುಕೊಂಡಿರುತ್ತಿದ್ದರು. ನಾನು ನಕ್ಕರೆ ಬೈಯುತ್ತಿದ್ದರು. ಅವರ ಬಾಯಿಂದ ಬಂದ ಬೈಗುಳಗಳಲ್ಲಿ ಒಂದನ್ನು ಮಾತ್ರ ಇಲ್ಲಿ ಬರೆಯಬಹುದು.

"ಲೇ ಲಿಂಗಾ, ಗೇಜು ಒಸಿ ಹೇಳ್ತದೆ ಕಣ್ಲಾ. ಮಿಕ್ಕಿದ್ದ ಖಾಲಿ ಕೇಸು ಹೇಳ್ತದೆ. ಅದ್ನ ಕೇಳ್ದೆ ಸೈನು ಹಾಕ್ಬುಟ್ರೆ ನಿನ್ನ ಕೈ ಕತ್ತರಿಸ್ಬುಡ್ತೀನಿ."

ಖಾಲಿ ಕೇಸು ಅಂದರೆ ಗುಂಡು ಹಾರಿದ ಮೇಲೆ ಉಳಿಯುವ ಹಿತ್ತಾಳೆಯ ಕೊಳವೆ. ರೈಫಲ್ ಒಳಗೆ ಸವೆದಿದ್ದರೆ ಕೇಸಿನ ಬುಡದ ಸುತ್ತ ಹೊಳೆಯುವ ಒಂದು ಗೆರೆ ಮೂಡುತ್ತದೆ, ಕೆಲವು ಸಲ ಅಲ್ಲೇ ಸೀಳುತ್ತದೆ. ಗೇಜು ಅಂದರೆ ಉಕ್ಕಿನ ಸಣ್ಣ ಬಿಲ್ಲೆ. ಅದನ್ನು ಗುಂಡು ಕೂರುವ ಜಾಗದಲ್ಲಿಟ್ಟು ಬೋಲ್ಟ್ ಮುಚ್ಚಲು ನೋಡಬೇಕು. ಮುಚ್ಚಿಕೊಳ್ಳದಿದ್ದರೆ ರೈಫಲ್ ಚೆನ್ನಾಗಿದೆ. ಸಲೀಸಾಗಿ ಮುಚ್ಚಿಕೊಂಡರೆ ಒಳಗಿನ ಜಾಗ ಸಡಿಲವಾಗಿದೆ, ಹಾರಿಸಿದವನ ಮುಖಕ್ಕೇ ಸಿಡಿಯುವ ಅಪಾಯವಿದೆ ಎಂದರ್ಥ. ಇಷ್ಟು ತಿಳಿದರೆ ಈ ಕಥೆಗೆ ಸಾಕು.

ಮೇಲಧಿಕಾರಿಗಳ ವಿಷಯ ಬರೆದರೆ ಬೇರೆ ಪುಸ್ತಕವೇ ಆಗುತ್ತದೆ. ಒಬ್ಬರಿದ್ದರು, ಅವರಿಗೆ ಎಣ್ಣೆಯ ಜಿಡ್ಡು ಕಂಡರೆ ಆಗದು. ಪರೇಡಿನ ದಿನ ಎಲ್ಲ ರೈಫಲ್ ಒಣಗಿದ ಬಟ್ಟೆಯಲ್ಲಿ ಒರೆಸಿ ಕನ್ನಡಿ ಮಾಡಿ ಎಂದು ಆಜ್ಞೆ. ಮಾಡಿದೆವು. ಪರೇಡಿನ ಮಧ್ಯೆ ಸಾವನದುರ್ಗದ ಕಡೆಯಿಂದ ಮಳೆ ಬಂತು. ಮೂರನೆಯ ದಿನಕ್ಕೆ ನೂರು ರೈಫಲ್ಲುಗಳು ಇಟ್ಟಿಗೆ ಬಣ್ಣಕ್ಕೆ ತಿರುಗಿದವು. ಅವರು ನನ್ನನ್ನು ಕರೆದು, ರೈಫಲ್ಲಿಗೆ ಎಣ್ಣೆ ಯಾಕೆ ಹಚ್ಚಲಿಲ್ಲ ಎಂದು ಕೇಳಿದರು. ಹಲ್ಲು ಕಚ್ಚಿಕೊಂಡು "ತಪ್ಪಾಯಿತು ಸಾರ್" ಎಂದೆ. ಮಾಡದ ತಪ್ಪನ್ನು ಒಪ್ಪಿಕೊಳ್ಳುವುದು ನಮ್ಮ ಇಲಾಖೆಯಲ್ಲಿ ಬಹಳ ಸುಲಭದ ಕೆಲಸ. ಮಾಡಿದ್ದನ್ನು ಒಪ್ಪಿಕೊಳ್ಳುವುದರ ಕಷ್ಟ ನನಗೆ ತಿಳಿದದ್ದು ಇಸ್ಮಾಯಿಲ್ ಬಂದ ಮೇಲೆ.

ಇಸ್ಮಾಯಿಲ್ ಚನ್ನಪಟ್ಟಣದವನು. ಮನೆತನದ ಕಸುಬು ಬೊಂಬೆ. ಇವನು ಮಾತ್ರ ಚಿಕ್ಕ ವಯಸ್ಸಿನಲ್ಲೇ ಸೈನ್ಯಕ್ಕೆ ಹೋಗಿ, ಹದಿನೇಳು ವರ್ಷ ಸೇವೆ ಮಾಡಿ ಹಿಂದಿರುಗಿದ್ದ. ಬಂದ ಮೇಲೆ, ಮಾತಾಡದ ಅಪ್ಪನ ಪಕ್ಕ ಲೇತಿನ ಮುಂದೆ ಕೂತು ನೋಡಿದನಂತೆ. ಇವನು ಕಡೆದ ಬುಗುರಿ ನಿಲ್ಲುತ್ತಲೇ ಇರಲಿಲ್ಲವಂತೆ, ಕುಡಿದವನ ಹಾಗೆ ಒಂದೇ ಕಡೆ ವಾಲುತ್ತಿತ್ತಂತೆ. ಇದನ್ನೆಲ್ಲ ಅವನೇ ನಗುತ್ತಾ ಹೇಳಿದ್ದು. ಅಷ್ಟರಲ್ಲಿ ಕನಕಪುರದ ಒಂದು ಬ್ಯಾಂಕ್ ಶಾಖೆಯಲ್ಲಿ ಗಾರ್ಡ್ ಕೆಲಸ ಖಾಲಿಯಾಯಿತು. ಮಾಜಿ ಸೈನಿಕನಾಗಿರಬೇಕು, ಲೈಸೆನ್ಸಿನೊಂದಿಗೆ ಸ್ವಂತ ಆಯುಧ ಇರಬೇಕು, ಆಯುಧ ಬಳಕೆಗೆ ಯೋಗ್ಯ ಎಂದು ಆರ್ಮರರ್ ಪ್ರಮಾಣಪತ್ರ ಇರಬೇಕು. ಮೊದಲ ಎರಡು ಇವನ ಬಳಿ ಇದ್ದವು. ಮೂರನೆಯದನ್ನು ಸೋಮವಾರ ಬೆಳಿಗ್ಗೆಯೊಳಗೆ ಕೊಡದಿದ್ದರೆ ಕೆಲಸ ಪಟ್ಟಿಯಲ್ಲಿದ್ದ ಮುಂದಿನವನಿಗೆ. ಇಸ್ಮಾಯಿಲ್ ನನ್ನ ಮೇಜಿನ ಮುಂದೆ ನಿಂತದ್ದು ಬುಧವಾರ.

ಅವನು ತಂದದ್ದು ತ್ರೀ ಒನ್ ಫೈವ್ ರೈಫಲ್. ಅದರ ಕುಲಗೋತ್ರ ಹೇಳಬೇಕು. ಮೊದಲು ಸೈನ್ಯದಲ್ಲಿ, ಆಮೇಲೆ ಪೊಲೀಸರ ಹೆಗಲಲ್ಲಿ ಇದ್ದದ್ದು ತ್ರೀ ನಾಟ್ ತ್ರೀ. ಆ ಗುಂಡು ಸಾರ್ವಜನಿಕರ ಕೈಗೆ ಹೋಗಕೂಡದೆಂದು ಕಾನೂನು. ಆದ್ದರಿಂದ ಅದೇ ಮೈಕಟ್ಟು, ಅದೇ ಬೋಲ್ಟು ಇಟ್ಟು, ನಳಿಗೆಯನ್ನೂ ಗುಂಡಿನ ಅಳತೆಯನ್ನೂ ಬದಲಿಸಿ ಸಿವಿಲ್ ರೈಫಲ್ ಮಾಡಿದರು. ಎರಡೂ ಅಕ್ಕತಂಗಿಯರ ಹಾಗೆ ಕಾಣುತ್ತವೆ. ನೋಡಿದೊಡನೆ ತಿಳಿಯುವ ವ್ಯತ್ಯಾಸ ಒಂದೇ. ಅಕ್ಕನಿಗೆ, ಅಂದರೆ ಸೈನ್ಯದ್ದಕ್ಕೆ, ನಳಿಗೆಯ ಮೂತಿಯ ತನಕ ಮರದ ಹೊದಿಕೆ. ತಂಗಿಗೆ ಮರ ಅರ್ಧಕ್ಕೇ ನಿಲ್ಲುತ್ತದೆ, ಮುಂದಿನ ನಳಿಗೆ ಬರಿಮೈ. ಎರಡಕ್ಕೂ ಗೇಜು ಬೇರೆ ಬೇರೆ, ಅಕ್ಕನದು ತಂಗಿಯದಕ್ಕಿಂತ ಕೂದಲೆಳೆಯಷ್ಟು ಸಣ್ಣದು. ನನ್ನ ಕಪಾಟಿನಲ್ಲಿ ಎರಡು ಡಬ್ಬಿಗಳು ಪಕ್ಕಪಕ್ಕದಲ್ಲೇ ಇರುತ್ತಿದ್ದವು.

ಇಸ್ಮಾಯಿಲ್‌ನ ರೈಫಲ್ಲಿಗೆ ಮೂತಿಯ ತನಕ ಮರವಿತ್ತು.

ಮರ ಹೊಸದು, ನಯವಾಗಿತ್ತು, ಜೋಡಿಸಿದ ಸಂದಿನಲ್ಲಿ ಕೆಂಪು, ಹಸಿರು ಬಣ್ಣದಲ್ಲಿ ಬರೆದ ಎರಡು ಬಳೆಗಳಿದ್ದವು. ಅದನ್ನು ಕಂಡು, ಏನಪ್ಪ ಸೀಮಂತ ಮಾಡಿಸಿದೀಯಾ ಇದಕ್ಕೆ ಎಂದು ತಮಾಷೆ ಮಾಡಿದೆ. ಅವನು ನಕ್ಕ. ನಾನು ಲೈಸೆನ್ಸ್ ಪುಸ್ತಕ ತೆರೆಯಲೇ ಇಲ್ಲ. ನನಗೆ ಕಾಗದ ಆಮೇಲೆ, ಕೋವಿ ಮೊದಲು. ಅದು ನನ್ನ ಹಮ್ಮು. ಸಾರ್ವಜನಿಕನ ಕೈಯಲ್ಲಿ ತ್ರೀ ನಾಟ್ ತ್ರೀ ಇರಲು ಸಾಧ್ಯವೇ ಇಲ್ಲವೆಂದು ಶಸ್ತ್ರಾಗಾರದ ಕಸ ಗುಡಿಸುವವರಿಗೂ ಗೊತ್ತು. ಆದರೆ ಮೂವತ್ತು ವರ್ಷದ ಅಭ್ಯಾಸದ ಮುಂದೆ ತಲೆ ಎಲ್ಲಿ ನಿಲ್ಲುತ್ತದೆ? ಕಣ್ಣು ಮೂತಿಯ ತನಕ ಮರ ಕಂಡಿತು, ಕೈ ತಾನಾಗಿ ಹೋಗಿ ಅಕ್ಕನ ಡಬ್ಬಿ ತೆಗೆಯಿತು. ಗೇಜು ಇಟ್ಟೆ, ಬೋಲ್ಟ್ ನೂಕಿದೆ. ಬೆಣ್ಣೆಯಲ್ಲಿ ಕೂದಲು ಎಳೆದಂತೆ ಮುಚ್ಚಿಕೊಂಡಿತು. ಇನ್ನೊಮ್ಮೆ ಮಾಡಿದೆ. ಹಾಗೇ ಆಯಿತು.

ಅಪಾಯದ ರೈಫಲ್ ಎಂದು ಹೇಳಿದೆ. ಇಸ್ಮಾಯಿಲ್‌ನ ಮುಖದಿಂದ ನಗು ಹೋಯಿತು.

"ಸಾರ್, ಹೋದ ತಿಂಗಳು ಐದು ಗುಂಡು ಹೊಡ್ದಿದೀನಿ. ಏನೂ ಆಗ್ಲಿಲ್ಲ."

"ಆರನೇದು ನಿನ್ನ ಕಣ್ಣಿಗೆ ಬಂದಿದ್ರೆ?" ಎಂದೆ.

ನಾನು ರೋಫಿನಿಂದ "ಬಳಕೆಗೆ ಅಯೋಗ್ಯ" ಎಂದು ಬರೆದು ಸಹಿ ಹಾಕಿದೆ. ಒಂದು ಪ್ರತಿ ಅವನಿಗೆ, ಒಂದು ಮೇಲಿನ ಕಚೇರಿಗೆ. ಅವನು ಕಾಗದ ಓದಿ, ಮಡಚಿ, ಸೆಲ್ಯೂಟ್ ಹೊಡೆದು ಹೋದ. ಕೂಗಾಡಿದ್ದರೆ, ಕಾಲು ಹಿಡಿದಿದ್ದರೆ ನನಗೇನೂ ಅನ್ನಿಸುತ್ತಿರಲಿಲ್ಲ, ಅಂಥವರನ್ನು ದಿನಾ ನೋಡಿದವನು ನಾನು. ಆ ಸೆಲ್ಯೂಟು ಮಾತ್ರ ಮಧ್ಯಾಹ್ನ ಮುದ್ದೆ ನುಂಗುವಾಗಲೂ ಕಣ್ಣ ಮುಂದೆ ಬಂತು. ಸಾರು ಸಪ್ಪೆ ಎಂದು ಜಯಮ್ಮನ ಮೇಲೆ ರೇಗಿದೆ. ಅವಳು ಉಪ್ಪಿನ ಡಬ್ಬಿಯನ್ನು ನನ್ನ ತಟ್ಟೆಯ ಪಕ್ಕ ಕುಕ್ಕಿ ಹೋದಳು.

ಶುಕ್ರವಾರ ಅವನು ಮತ್ತೆ ಬಂದ. ಕೈಯಲ್ಲಿ ರೈಫಲ್, ಲೈಸೆನ್ಸ್ ಪುಸ್ತಕ, ಜೊತೆಗೆ ಒಂದು ಮರದ ಡಬ್ಬಿ, ಮಕ್ಕಳ ಗಿಲಕಿಯ ಹಾಗೆ ಹಳದಿ ಬಣ್ಣದ್ದು. ವರದಿ ಹೋಗಿಯಾಗಿದೆ, ಇನ್ನೇನು ಎಂದು ನಾನು ಎಗರಾಡಿದೆ. ಅವನು ಡಬ್ಬಿಯ ಮುಚ್ಚಳ ತಿರುಗಿಸಿ, ಐದು ಖಾಲಿ ಕೇಸುಗಳನ್ನು ಮೇಜಿನ ಮೇಲೆ ಸಾಲಾಗಿ ನಿಲ್ಲಿಸಿದ.

"ಬಯ್ಯಿರಿ ಸಾರ್. ಇದ್ನ ಒಂದ್ಸಲ ನೋಡ್ಬುಟ್ಟು ಬಯ್ಯಿರಿ."

ನೋಡಲೇಬಾರದು ಅಂದುಕೊಂಡೆ. ಆದರೆ ಹಿತ್ತಾಳೆ ಕಂಡರೆ ಕೈ ಸುಮ್ಮನಿರುವುದಿಲ್ಲ. ಒಂದನ್ನು ಎತ್ತಿ ಬುಡ ನೋಡಿದೆ. ಗೆರೆ ಇಲ್ಲ. ಎರಡನೆಯದು, ಇಲ್ಲ. ಐದನ್ನೂ ಕಿಟಕಿಯ ಬಿಸಿಲಿಗೆ ಹಿಡಿದು, ಉಗುರಿನಿಂದ ಬುಡದ ಸುತ್ತ ತಡವಿದೆ. ಹೊಸ ಮದುಮಗನ ಕೆನ್ನೆಯ ಹಾಗಿದ್ದವು. ಗೇಜು ಹೇಳಿದಷ್ಟು ಸಡಿಲವಾದ ರೈಫಲ್‌ನಿಂದ ಇಂಥ ಕೇಸು ಬರಲು ಸಾಧ್ಯವೇ ಇರಲಿಲ್ಲ. ಮುನಿಸ್ವಾಮಪ್ಪ ತೀರಿಕೊಂಡು ವರ್ಷಗಳಾಗಿದ್ದವು, ಆದರೂ ನನ್ನ ಬಲಗೈ ಮಣಿಕಟ್ಟು ಸುಮ್ಮನೆ ಜುಂ ಅಂದಿತು.

ಆಗ ತಲೆಗೆ ಹೊಳೆದು, ಈ ಮರ ಯಾರು ಹಾಕಿದ್ದು ಎಂದು ಕೇಳಿದೆ. ಅಪ್ಪ ಎಂದ. ಅವನ ಅಪ್ಪ ನಲವತ್ತು ವರ್ಷ ಬೊಂಬೆ ಬಂದೂಕು ಕಡೆದವರು. ಅವರು ಕಂಡಿದ್ದ ನಿಜವಾದ ಬಂದೂಕು ಒಂದೇ, ಊರಿನ ಠಾಣೆಯ ಮುಂದೆ ನಿಲ್ಲುತ್ತಿದ್ದ ಕಾನ್‌ಸ್ಟೇಬಲ್‌ನ ತ್ರೀ ನಾಟ್ ತ್ರೀ. ಅವರ ಬೊಂಬೆಗಳಿಗೆ ಅದೇ ಮಾದರಿ. ಮಗ ಸೈನ್ಯಕ್ಕೆ ಹೋದಾಗ ಕಸುಬು ಬಿಟ್ಟ ಎಂದು ಮುನಿಸಿಕೊಂಡು ಮಾತು ಬಿಟ್ಟಿದ್ದ ಮುದುಕರು, ಇವನು ರೈಫಲ್ ತಂದ ದಿನ ಮಾತ್ರ ಎದ್ದು ಬಂದು ಅದನ್ನು ತಿರುಗಿಸಿ ಮುರುಗಿಸಿ ನೋಡಿದರಂತೆ.

"ಬಂದೂಕ ಅಂದ್ರೆ ಮೂತಿ ತನ್ಕ ಮರ ಇರ್ಬೇಕು, ಇದೇನು ಬೆತ್ತಲೆ ಐತೆ ಅಂದ್ರು ಸಾರ್. ಬ್ಯಾಂಕ್ ಮುಂದೆ ನನ್ ಮಗ ಬೆತ್ತಲೆ ಬಂದೂಕ ಹಿಡ್ಕೊಂಡು ನಿಲ್ಬಾರ್ದು ಅಂತ ಮೂರು ದಿನ ಕೂತು ಮಾಡಿದ್ರು. ನಾನು ಬೇಡ ಅನ್ನೋಕೆ ಹೋಗ್ಲಿಲ್ಲ. ಹದಿನೇಳು ವರ್ಷ ಆದ್ಮೇಲೆ ಮಾತಾಡಿದಾರೆ."

ನಾನು ಸ್ಕ್ರೂಡ್ರೈವರ್ ತೆಗೆದು ಹಿತ್ತಾಳೆ ಪಟ್ಟಿಗಳನ್ನು ಬಿಚ್ಚಿದೆ. ಮೇಲಿನ ಮರ ಎತ್ತಿದೊಡನೆ ನಳಿಗೆಯ ಬುಡದಲ್ಲಿ ಒತ್ತಿದ ಅಳತೆಯ ಮುದ್ರೆ ಕಂಡಿತು. ತ್ರೀ ಒನ್ ಫೈವ್. ಪಕ್ಕದಲ್ಲೇ ಬಿದ್ದಿದ್ದ ಲೈಸೆನ್ಸ್ ತೆರೆದೆ, ಅಲ್ಲೂ ಅದೇ, ಕಣ್ಣಿಗೆ ರಾಚುವಷ್ಟು ದಪ್ಪಗೆ. ನನ್ನ ಕಿವಿ ಬಿಸಿಯಾಯಿತು. ತಂಗಿಯ ಡಬ್ಬಿಯಿಂದ ಗೇಜು ತೆಗೆದು ಇಟ್ಟು ಬೋಲ್ಟ್ ನೂಕಿದೆ. ಬೋಲ್ಟ್ ಅರ್ಧಕ್ಕೇ ಗಕ್ಕನೆ ನಿಂತಿತು. ಏನು ಮಾಡಿದರೂ ಮುಚ್ಚಲೊಲ್ಲದು. ಅಷ್ಟು ಚೆಂದವಾಗಿ ಹಟ ಮಾಡಿದ ಬೋಲ್ಟನ್ನು ನಾನು ನನ್ನ ಸೇವೆಯಲ್ಲೇ ಕಂಡಿರಲಿಲ್ಲ.

ತಕ್ಷಣ ರಿಜಿಸ್ಟರ್ ತೆಗೆದು, ಹಿಂದೆ ನಾನು ನೋಡಿದ ಸಿವಿಲ್ ರೈಫಲ್‌ಗಳನ್ನೆಲ್ಲ ಹುಡುಕಿದೆ. ಎಲ್ಲಕ್ಕೂ ಸರಿಯಾದ ಗೇಜಿನ ನಂಬರೇ ಇತ್ತು. ಅವೆಲ್ಲ ಅರ್ಧ ಮರದವು, ಕಣ್ಣು ಮೋಸ ಹೋಗಿರಲಿಲ್ಲ. ಕುರ್ಚಿಗೆ ಒರಗಿ ಒಂದು ಲೋಟ ನೀರು ಕುಡಿದೆ. ಇಸ್ಮಾಯಿಲ್ ನನಗೇನೋ ಆಯಿತೆಂದು ಫ್ಯಾನ್ ಜೋರು ಮಾಡಿದ.

ನಮ್ಮ ಇನ್‌ಸ್ಪೆಕ್ಟರ್ ರುದ್ರೇಶ್ ಸಾಹೇಬರ ಹತ್ತಿರ ಹೋಗಿ ನಡೆದದ್ದನ್ನು ಹೇಳಿದೆ. ಸಾಹೇಬರು ಶಿಸ್ತಿನ ಮನುಷ್ಯ. ಅವರ ಖಾಕಿ ಪ್ಯಾಂಟಿನ ಇಸ್ತ್ರಿ ಗೆರೆಯಲ್ಲಿ ಸೌತೆಕಾಯಿ ಹೆಚ್ಚಬಹುದು ಎಂದು ನಾವೆಲ್ಲ ಆಡಿಕೊಳ್ಳುತ್ತಿದ್ದೆವು. ಮೇಲೆ ಹೋದ ವರದಿಯನ್ನು ಬರಿ ಗೇಜು ನೋಡಿ ಬದಲಿಸುವಂತಿಲ್ಲ, ಗುಂಡು ಹಾರಿಸಿಯೇ ನೋಡಬೇಕು, ಅದೂ ಅರ್ಜಿದಾರ ತಂದ ಸ್ಥಿತಿಯಲ್ಲೇ, ಮರ ಸಮೇತ, ಎಂದರು. ತಾವೇ ಹಾರಿಸುವುದಾಗಿಯೂ ಹೇಳಿದರು. ಅದು ಅವರ ಆಸೆ. ಆಫೀಸಿನಲ್ಲಿ ಕಡತ ಹಿಡಿದು ಹಿಡಿದು ಅವರ ಕೈ ಗುಂಡಿಗಾಗಿ ತಹತಹಿಸುತ್ತಿತ್ತು.

ಶನಿವಾರ ಹನ್ನೊಂದು ಗಂಟೆಗೆ ಮಾಗಡಿ ರಸ್ತೆಯ ಕಡೆ ಇರುವ ನಮ್ಮ ಫೈರಿಂಗ್ ರೇಂಜಿಗೆ ಹೋದೆವು. ಹಳೆಯ ಕಲ್ಲುಕ್ವಾರಿ ಅದು, ಮೂರು ಕಡೆ ಬಂಡೆ, ಬೇಸಗೆಯಲ್ಲಿ ರೊಟ್ಟಿ ಹೆಂಚು. ಇಸ್ಮಾಯಿಲ್ ಅಟೆನ್ಷನ್‌ನಲ್ಲಿ ನಿಂತಿದ್ದ. ಸಾಹೇಬರು ಮರಳುಚೀಲದ ಹಿಂದೆ ಮಲಗಿ ಎಡಗೈಯಲ್ಲಿ ಆ ಕೆಂಪು ಹಸಿರು ಬಳೆಗಳ ಜಾಗವನ್ನೇ ಗಟ್ಟಿಯಾಗಿ ಹಿಡಿದರು. ಐದು ಗುಂಡು. ಮತ್ತೆ ಐದು. ಹುರುಪಿನಲ್ಲಿ ಇನ್ನೈದು ಕೇಳಿದರು. ನಾನು ದುರ್ಬೀನಿನಲ್ಲಿ ಗುರಿಹಲಗೆ ನೋಡುತ್ತಿದ್ದೆ. ಗುಂಡುಗಳು ಮದುವೆ ಮನೆಯ ಅಕ್ಷತೆಯ ಹಾಗೆ ಎಲ್ಲೆಂದರಲ್ಲಿ ಬಿದ್ದಿದ್ದವು. ಅಷ್ಟರಲ್ಲಿ ಏನೋ ವಾಸನೆ ಬಂತು. ಅಂಚೆ ಕಚೇರಿಯಲ್ಲಿ ಪಾರ್ಸೆಲ್ಲಿಗೆ ಅರಗು ಕಾಯಿಸುವ ವಾಸನೆ.

ಹದಿನೈದನೆಯ ಗುಂಡಿನ ನಂತರ ಸಾಹೇಬರು ಎದ್ದರು. ಎದ್ದರು ಎನ್ನುವುದು ಅರ್ಧ ನಿಜ, ಅವರ ಎಡಗೈ ಇನ್ನೂ ರೈಫಲ್ಲಿಗೇ ಅಂಟಿಕೊಂಡಿತ್ತು. ಚನ್ನಪಟ್ಟಣದ ಬಣ್ಣವೆಂದರೆ ಅರಗಿನ ಬಣ್ಣ. ತಿರುಗುವ ಲೇತಿನಲ್ಲಿ ಮರದ ಬಿಸಿಗೆ ಕರಗಿಸಿ ಹಚ್ಚುವುದು, ಬಿಸಿ ಹತ್ತಿದರೆ ಮತ್ತೆ ಕರಗುವುದು ಅದರ ಗುಣ. ಬೊಂಬೆಗೆ ಯಾರೂ ಹದಿನೈದು ಗುಂಡು ಹಾಕಿ ಹಾರಿಸುವುದಿಲ್ಲವಲ್ಲ. ಸಾಹೇಬರು ಕೈ ಕಿತ್ತುಕೊಂಡು, ಏನೆಂದು ನೋಡುವ ಮೊದಲೇ ಅಭ್ಯಾಸಬಲದಿಂದ ಪ್ಯಾಂಟಿಗೆ ಒರೆಸಿದರು. ಆ ಇಸ್ತ್ರಿ ಗೆರೆಯ ಮೇಲೆ ಕೆಂಪು ಹಸಿರು ಅಂಗೈ ಅಚ್ಚಾಯಿತು, ಗೃಹಪ್ರವೇಶದ ಗೋಡೆಯ ಮೇಲಿನ ಹಾಗೆ.

ಇಸ್ಮಾಯಿಲ್‌ನ ಮುಖದಲ್ಲಿ ರಕ್ತವಿರಲಿಲ್ಲ. ನಾನು ಮನಸ್ಸಿನಲ್ಲೇ ಮನೆದೇವರನ್ನು ನೆನೆದೆ. ಸಾಹೇಬರು ಪ್ಯಾಂಟ್ ನೋಡಿದರು, ಅಂಗೈ ನೋಡಿದರು, ನನ್ನನ್ನು ನೋಡಿದರು.

"ಏನ್ರೀ ಲಿಂಗಯ್ಯ," ಎಂದರು, "ನನ್ನ ಮದ್ವೇಲೂ ಇಷ್ಟು ಚೆನ್ನಾಗಿ ಮದರಂಗಿ ಹತ್ತಿರ್ಲಿಲ್ಲ ಕಣ್ರೀ."

ಮೊದಲು ಯಾರು ನಕ್ಕರೋ ಗೊತ್ತಿಲ್ಲ. ಜೀಪಿನ ಡ್ರೈವರ್ ಸ್ಟಿಯರಿಂಗ್ ಮೇಲೆ ತಲೆಯಿಟ್ಟು ನಗುತ್ತಿದ್ದ. ನಾನು ಬಂಡೆ ಹಿಡಿದುಕೊಂಡು ನಕ್ಕೆ. ಇಸ್ಮಾಯಿಲ್ ಅಟೆನ್ಷನ್‌ನಲ್ಲೇ ನಿಂತು, ಕಣ್ಣಲ್ಲಿ ನೀರು ಬರುವ ತನಕ ತುಟಿ ಕಚ್ಚಿಕೊಂಡಿದ್ದು, ಕೊನೆಗೆ ಸೋತ. ಅಂಥ ನಗು ಆ ಕ್ವಾರಿಯಲ್ಲಿ ಮತ್ತೆ ಕೇಳಿದ್ದಿಲ್ಲ.

ನಗು ಇಳಿದ ಮೇಲೆ, ಗುಂಡುಗಳು ಚೆದರಿದ್ದು ಯಾಕೆಂದು ನನಗೆ ಅರ್ಥವಾಗಿತ್ತು. ಬಿಗಿಯಾಗಿ ಕೂರಿಸಿದ ಮರ ನಳಿಗೆಯನ್ನು ಹಿಂಡುತ್ತಿತ್ತು, ಬಿಸಿಯಾದ ಹಾಗೆ ಇನ್ನಷ್ಟು. ಮರ ಬಿಚ್ಚಿ, ನಳಿಗೆ ಆರಲು ಬಿಟ್ಟು, ಈಗ ಮಾಲೀಕನೇ ಹಾರಿಸಲಿ ಎಂದು ಸಾಹೇಬರನ್ನು ಕೇಳಿಕೊಂಡೆ. ಇಸ್ಮಾಯಿಲ್ ಮಲಗಿದ. ಅವನು ಉಸಿರು ಬಿಟ್ಟ ರೀತಿಯಲ್ಲೇ ಗೊತ್ತಾಯಿತು, ಇವನು ಬುಗುರಿಗೆ ಹುಟ್ಟಿದವನಲ್ಲ. ಐದು ಗುಂಡು, ಒಂದು ನಿಪ್ಪಟ್ಟಿನಷ್ಟು ಜಾಗದಲ್ಲಿ. ನಾನು ಓಡಿಹೋಗಿ ಖಾಲಿ ಕೇಸುಗಳನ್ನು ಆರಿಸಿ ಒಂದೊಂದರ ಬುಡ ನೋಡಿದೆ. ಒಂದರಲ್ಲೂ ಗೆರೆ ಇರಲಿಲ್ಲ. ಸಂತೋಷ ತಡೆಯಲಾರದೆ ಒಂದು ಕೇಸನ್ನು ಮುದ್ದಿಟ್ಟೆ, ಅದು ಇನ್ನೂ ಬಿಸಿಯಿತ್ತು, ತುಟಿ ಸುಟ್ಟಿತು.

ಉಳಿದದ್ದು ಕಾಗದ. ಜೀಪಿನ ಬಾನೆಟ್ಟಿನ ಮೇಲೆ ಹಾಳೆ ಹರಡಿದೆ. ಸಾಹೇಬರು ನನ್ನ ಪಕ್ಕ ಬಂದು ದನಿ ತಗ್ಗಿಸಿದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು ಅವರು.

"ಕೊನೇ ವರ್ಷ ನಿಮ್ದು. ತಪ್ಪು ಗೇಜು ಗೀಜು ಅಂತ ಬರೀಬೇಡಿ, ವಿವರಣೆ ಕೇಳ್ತಾರೆ. ಅನಧಿಕೃತ ಮರದ ಹೊದಿಕೆಯಿಂದ ದೋಷ ಕಂಡಿತ್ತು, ತೆಗೆದ ಮೇಲೆ ಸರಿಯಾಯ್ತು ಅಂತ ಬರೀರಿ. ಮುಗೀತು."

ಆಸೆಯಾಯಿತು ಎಂದು ಒಪ್ಪಿಕೊಳ್ಳುತ್ತೇನೆ. ಅದು ಪೂರ್ತಿ ಸುಳ್ಳೂ ಅಲ್ಲ. ಆದರೆ ಆ ಕಾಗದ ಬ್ಯಾಂಕಿಗೆ ಹೋಗುತ್ತದೆ. ಆಯುಧಕ್ಕೆ ಅನಧಿಕೃತವಾಗಿ ಕೈ ಹಾಕಿದವನು ಎಂದು ಓದಿದ ಮ್ಯಾನೇಜರ್ ಇವನನ್ನು ಬಾಗಿಲಲ್ಲಿ ನಿಲ್ಲಿಸಿಕೊಳ್ಳುತ್ತಾರೆಯೇ? ಪಟ್ಟಿಯಲ್ಲಿ ಮುಂದಿನವನು ಕಾಯುತ್ತಿದ್ದ. ನಾನು ಪೆನ್ನು ಹಿಡಿದು ಸುಮ್ಮನೆ ನಿಂತದ್ದನ್ನು ಇಸ್ಮಾಯಿಲ್ ನೋಡಿದ. ಮಾತು ಅವನ ಕಿವಿಗೂ ಬಿದ್ದಿತ್ತು.

"ಹಂಗೇ ಬರ್ಕೊಳ್ಳಿ ಸಾರ್," ಎಂದ. "ಬ್ಯಾಂಕ್‌ನೋರು ಏನಾದ್ರೂ ಅನ್ಕೊಳ್ಳಲಿ. ಮರದಿಂದ ಕೆಡ್ತು ಅಂತ ಅಬ್ಬಾಗೆ ಮಾತ್ರ ನಾನು ಹೇಳಲ್ಲ."

ಮೂರು ದಿನ ಕೂತು ಮರ ಕಡೆದ, ನಾನು ನೋಡಿಯೇ ಇರದ ಆ ಮುದುಕರು ನನ್ನ ಕಣ್ಣ ಮುಂದೆ ಬಂದರು. ನನಗೆ ನನ್ನ ಮೇಲೇ ಅಸಹ್ಯವಾಯಿತು. ಬರೆದೆ. ಮೊದಲನೆಯ ವರದಿಯಲ್ಲಿ ನಾನು ತಪ್ಪು ಗೇಜು ಬಳಸಿದ್ದೇನೆ. ಲೈಸೆನ್ಸ್ ಓದಿರಲಿಲ್ಲ. ತಪ್ಪು ಸಂಪೂರ್ಣ ನನ್ನದು, ಅರ್ಜಿದಾರರದ್ದಾಗಲಿ ಆಯುಧದ್ದಾಗಲಿ ಅಲ್ಲ. ರೈಫಲ್ ಬಳಕೆಗೆ ಯೋಗ್ಯ. ಹೊದಿಕೆಯ ವಿಷಯವನ್ನೂ ಮುಚ್ಚಿಡುವಂತಿರಲಿಲ್ಲ, ಅದಕ್ಕೊಂದು ಸಾಲು ಸೇರಿಸಿದೆ: ಅಲಂಕಾರಕ್ಕಾಗಿ ಹಾಕಿದ ಮರದ ಕೆಲಸ ಅತ್ಯುತ್ತಮ ದರ್ಜೆಯದು, ಆದರೆ ಅರಗು ಬಿಸಿ ತಡೆಯದ ಕಾರಣ ತೆಗೆಸಲಾಗಿದೆ.

ಸಾಹೇಬರು ಎರಡು ಸಲ ಓದಿದರು. ಬಲಗೈಯಿಂದ ಸಹಿ ಹಾಕಿದರು, ಎಡಗೈ ಇನ್ನೂ ಮದರಂಗಿಯಲ್ಲೇ ಇತ್ತು. ಮೇಲಿನ ಕಚೇರಿಯಿಂದ ವಿವರಣೆ ಕೇಳಿ ಪತ್ರ ಬಂದೇ ಬಂತು. ಬರೆದಿರುವುದೇ ವಿವರಣೆ ಎಂದು ಒಂದು ಸಾಲಿನ ಉತ್ತರ ಕಳಿಸಿದೆ. ಎಚ್ಚರಿಕೆ ಕೊಟ್ಟು ಬಿಟ್ಟರು. ಅದಕ್ಕೆ ಮೊದಲೇ, ಸೋಮವಾರ ಬೆಳಿಗ್ಗೆ ಹತ್ತಕ್ಕೆ, ಇಸ್ಮಾಯಿಲ್ ಬೆತ್ತಲೆ ಬಂದೂಕು ಹಿಡಿದು ಕನಕಪುರದ ಬ್ಯಾಂಕಿನ ಬಾಗಿಲಲ್ಲಿ ನಿಂತ. ಈಗಲೂ ಅಲ್ಲೇ ಇದ್ದಾನೆ. ನೀವು ಮಾತ್ರ, ಯಾವ ಆಯುಧ ಬಂದರೂ ಮೊದಲು ಲೈಸೆನ್ಸ್ ಓದಿ, ಆಮೇಲೆ ಡಬ್ಬಿ ತೆಗೆಯಿರಿ.

ನಿವೃತ್ತನಾದ ಮೇಲೆ ಒಂದು ಭಾನುವಾರ ಅವನು ಚನ್ನಪಟ್ಟಣದ ಮನೆಗೆ ಊಟಕ್ಕೆ ಕರೆದ. ಜಯಮ್ಮನೂ ನಾನೂ ಹೋದೆವು. ದಾರಿಯುದ್ದಕ್ಕೂ ಅವಳಿಗೆ ನನ್ನ ತಪ್ಪೊಪ್ಪಿಗೆಯ ಸಾಹಸ ಹೇಳಿದೆ, ಬಹುಶಃ ಮೂರನೆಯ ಸಲ. ಒಳಗೆ ಹೋದರೆ ನಡುಮನೆಯ ಗೋಡೆಯಲ್ಲಿ ನನ್ನ ಎರಡನೆಯ ವರದಿಯ ಪ್ರತಿ ನೇತಾಡುತ್ತಿತ್ತು. ಸುತ್ತ ಅರಗಿನ ಬಣ್ಣದ ಮರದ ಚೌಕಟ್ಟು, ಮೇಲೆ ಗಾಜು. ಸರ್ಕಾರದವನೊಬ್ಬ ತಪ್ಪು ನನ್ನದು ಎಂದು ಬರೆದುಕೊಟ್ಟದ್ದನ್ನು ಈ ಮನೆಯವರು ಇಷ್ಟು ಗೌರವದಿಂದ ಇಟ್ಟಿದ್ದಾರಲ್ಲ ಎಂದು ಜಯಮ್ಮನ ಕಡೆ ಹೆಮ್ಮೆಯಿಂದ ನೋಡಿದೆ.

ಇಸ್ಮಾಯಿಲ್‌ನ ಅಪ್ಪ ಎದ್ದು ಬಂದು ನನ್ನ ಎರಡೂ ಕೈ ಹಿಡಿದುಕೊಂಡರು. ಗಂಧದ ಕೊರಡಿನಂಥ ಒಣ ಬೆರಳುಗಳು. ನನ್ನನ್ನು ಗೋಡೆಯ ಹತ್ತಿರ ಕರೆದುಕೊಂಡು ಹೋಗಿ ಗಾಜಿನ ಮೇಲೆ ಬೆರಳಿಟ್ಟು ತೋರಿಸಿದರು. ಒಂದು ಸಾಲಿನ ಕೆಳಗೆ ನೀಟಾಗಿ ಕೆಂಪು ಅರಗಿನ ಗೆರೆ ಎಳೆದಿತ್ತು. ಮರದ ಕೆಲಸ ಅತ್ಯುತ್ತಮ ದರ್ಜೆಯದು.

"ನಲವತ್ತು ವರ್ಷ ಮಾಡ್ದೆ," ಎಂದರು. "ಒಬ್ರೂ ಬರ್ಕೊಟ್ಟಿರ್ಲಿಲ್ಲ. ನೀವು ಸೈನು ಹಾಕಿ, ಸೀಲು ಹಾಕಿ ಕೊಟ್ರಿ. ಬಂದೋರಿಗೆಲ್ಲ ಓದಿಸ್ತೀನಿ."

ನನ್ನ ತಪ್ಪೊಪ್ಪಿಗೆ ಅದರ ಮೇಲಿನ ಸಾಲುಗಳಲ್ಲಿತ್ತು. ಅವುಗಳ ಮೇಲೆ ಚೌಕಟ್ಟಿನ ಪಟ್ಟಿ ಕೂತು, ಅರ್ಧ ಅಕ್ಷರಗಳು ಮುಚ್ಚಿಹೋಗಿದ್ದವು. ಚೌಕಟ್ಟು ಬಹಳ ಚೆನ್ನಾಗಿತ್ತು.